ತಂದೆ-ಮಕ್ಕಳ ವ್ಯಾಜ್ಯ: ಅಮೆರಿಕಾದ ನಾಟಕವೂ ನಮ್ಮ ರಂಗವೂ

ಅಮೆರಿಕಾ ದೇಶದ ಆಧುನಿಕ ನಾಟಕಗಳನ್ನು ಕುರಿತು ನಮ್ಮ ಗೋಷ್ಠಿಗಳಲ್ಲಿ ಒಂದು ಆಕ್ಷೇಪಣೆಯು ಪದೇ ಪದೇ ಕೇಳಿಬರುವುದುಂಟು. ಅಲ್ಲಿ ಮಗನು ತಂದೆಯನ್ನು ಧಿಕ್ಕರಿಸುವನು, ತಂದೆಯು ಮಗನ ಬಾಳನ್ನು ಕೆಡಿಸುವನು, ಒಂದೇ ಸೂರಿನ ಕೆಳಗೆ ನಾಲ್ವರು ಕುಳಿತು ಇರುಳೆಲ್ಲ ಪರಸ್ಪರ ಮರ್ಮವನ್ನು ಇರಿಯುವರು. ಶ್ರೀರಾಮನ ಪಿತೃವಾಕ್ಯಪರಿಪಾಲನೆಯನ್ನು ಕೇಳಿ ಬೆಳೆದ ನಮಗೆ ಇಂತಹ ಕೃತಿಗಳಿಂದ ಆಗಬೇಕಾದುದೇನು ಎಂಬುದು ಆ ಆಕ್ಷೇಪಣೆ. ಹೀಗೆ ಆಡುವವರಲ್ಲಿ ವಿದ್ವಾಂಸರೂ ಇರುವುದರಿಂದ ಅದನ್ನು ಅಲಕ್ಷಿಸಲಾಗದು. ಒಪ್ಪಲೂ ಆಗದು.

ಪಾಠಶಾಲೆಯ ಮೆಟ್ಟಿಲು ಹತ್ತಿದವರು ಐತರೇಯ ಬ್ರಾಹ್ಮಣದ ಶುನಃಶೇಪಾಖ್ಯಾನವನ್ನು ಮರೆತಿರಲಾರರು. ಹಸಿವಿನಿಂದ ಬಳಲಿದ ಅಜೀಗರ್ತನಿಗೆ ಮೂವರು ಮಕ್ಕಳು. ಹಿರಿಯನನ್ನು ತಂದೆ ಬಿಡಲೊಲ್ಲನು, ಕಿರಿಯನನ್ನು ತಾಯಿ ಬಿಡಲೊಲ್ಲಳು. ನಡುವಣವನು ನೂರು ಹಸುಗಳಿಗೆ ಮಾರಾಟವಾಗುವನು. ಯೂಪಕ್ಕೆ ಬಿಗಿಯುವವರು ಯಾರೂ ದೊರೆಯದಿರಲು ತಂದೆಯೇ ಮತ್ತೆ ನೂರು ಹಸುಗಳನ್ನು ಪಡೆದು ಬಿಗಿಯುವನು. ಇನ್ನೂ ನೂರಕ್ಕೆ ಕತ್ತಿಯನ್ನು ಮಸೆದುಕೊಂಡು ಬರುವನು. ದೇವತೆಗಳನ್ನು ಸ್ತುತಿಸಿ ಬಿಡುಗಡೆಗೊಂಡ ಮಗನು ಆ ತಂದೆಯ ಬಳಿಗೆ ಹಿಂದಿರುಗದೆ ವಿಶ್ವಾಮಿತ್ರನ ಮಗನಾಗುವನು. ಭಾಸಕವಿಯ ‘ಮಧ್ಯಮವ್ಯಾಯೋಗ’ದಲ್ಲಿಯೂ ಘಟೋತ್ಕಚನ ಮುಂದೆ ನಡುವಣ ಮಗನಿಗೆ ಒದಗುವ ಗತಿ ಇಂಥದೇ. ಆದಕಾರಣ ಮನೆಯೊಳಗಣ ಕ್ರೌರ್ಯವು ಹಡಗೇರಿ ಬಂದ ಸರಕೆಂದು ಹೇಳುವವರು ನಮ್ಮ ಪೆಟ್ಟಿಗೆಯನ್ನೇ ಸರಿಯಾಗಿ ತೆರೆದು ನೋಡಿಲ್ಲ.

ಆರ್ಥರ್ ಮಿಲ್ಲರನ ‘ಡೆತ್ ಆಫ್ ಎ ಸೇಲ್ಸ್‌ಮನ್’ ನ್ಯೂಯಾರ್ಕಿನಲ್ಲಿ ರಂಗವನ್ನೇರಿದುದು 1949ರ ಫೆಬ್ರವರಿಯಲ್ಲಿ. (ನಮ್ಮ ಜಿಲ್ಲೆಯ ಹೆಗ್ಗೋಡಿನಲ್ಲಿ ನೀನಾಸಂ ಹುಟ್ಟಿದುದೂ ಆ ವರ್ಷವೇ.) ಅದರ ನಾಯಕ ವಿಲ್ಲಿ ಲೋಮನ್ ಊರೂರು ತಿರುಗಿ ಮಾಲು ಮಾರುವವನು, ಅರವತ್ತು ದಾಟಿದವನು. ಇಂತಹವನು ನಾಯಕನಾಗುವುದೆಂತು ಎಂದು ಮೂಗು ಮುರಿಯಬೇಕಾಗಿಲ್ಲ; ಪ್ರಕರಣವೆಂಬ ರೂಪಕದಲ್ಲಿ ವಣಿಜನು ನಾಯಕನಾಗಬಹುದೆಂದು ನಮ್ಮ ಲಾಕ್ಷಣಿಕರೇ ಒಪ್ಪಿರುವರು. ಈತನಿಗೆ ಹಿರಿಯ ಮಗನಾದ ಬಿಫ್‌ನ ಮೇಲೆ ಮೇರೆಯಿಲ್ಲದ ಆಸೆ. ಮಗನು ತಂದೆಯಿಂದ ಬೇಡುವುದಾದರೂ ಏನು? ಹಣವನ್ನಲ್ಲ. ತಾನು ಸಾಮಾನ್ಯನೆಂಬುದನ್ನು ತಂದೆಯು ಒಪ್ಪಿ ಆ ಕನಸಿನಿಂದ ತನ್ನನ್ನು ಬಿಡಿಸಬೇಕೆಂದು ಅತ್ತು ಬೇಡುವನು. ತಂದೆಗೆ ಆ ಅಳುವಿನಲ್ಲಿ ಪ್ರೀತಿಯಷ್ಟೇ ಕೇಳಿಸುವುದು, ಬೇಡಿಕೆಯು ಕೇಳಿಸದು. ವಿಮೆಯ 20,000 ಡಾಲರ್ ಮಗನಿಗೆ ದಕ್ಕಲೆಂದು ಅಂದಿನ ರಾತ್ರಿಯೇ ವಾಹನವನ್ನು ವೇಗವಾಗಿ ಓಡಿಸಿ ಪ್ರಾಣ ಬಿಡುವನು. ಅಜೀಗರ್ತನು ಮಗನನ್ನು ಮಾರಿದನು. ಇವನು ಮಗನಿಗಾಗಿ ತನ್ನನ್ನೇ ಮಾರಿಕೊಂಡನು. ಎರಡರಲ್ಲಿಯೂ ಬೆಲೆಯು ಎಣಿಕೆಗೆ ಸಿಕ್ಕುವುದೆಂಬುದೇ ಭಯಂಕರ. ಮನೆಯ ಸಾಲದ ಕೊನೆಯ ಕಂತು ತೀರುವುದು ಅವನನ್ನು ಮಣ್ಣುಮಾಡುವ ದಿವಸ. ಇಷ್ಟು ಶುದ್ಧವಾದ ಕರುಣರಸವನ್ನು ಒಂದು ಸಾಲದ ಲೆಕ್ಕದಿಂದ ಹಿಂಡಿದ ಕವಿಗೆ ಯಾವ ಆಲಂಕಾರಿಕನೂ ತಲೆದೂಗುವನು.

ಇದೇ ನಾಟಕವನ್ನು ಟಿ. ಪಿ. ಕೈಲಾಸಂ ಅವರ ‘ಟೊಳ್ಳುಗಟ್ಟಿ’ಯೊಡನೆ ಇಟ್ಟು ನೋಡಿದರೆ ಒಂದು ವಿನೋದವು ಕಾಣುವುದು. ಕೈಲಾಸಂ ಅವರದು ಸುಮಾರು ಮೂವತ್ತು ವರ್ಷ ಹಿಂದಿನ ರಚನೆ. ಅಲ್ಲಿ ಪರೀಕ್ಷೆಗಳನ್ನು ಗೆಲ್ಲುವ ಪುಟ್ಟುವು ಟೊಳ್ಳು, ಸೋಲುವ ಮಾಧುವು ಗಟ್ಟಿ; ಮನೆಗೆ ಬೆಂಕಿ ಬಿದ್ದಾಗ ಅದು ಬಯಲಾಗುವುದು. ಮಿಲ್ಲರನಲ್ಲಿ ಲೆಕ್ಕವು ತಿರುಗುಮುರುಗು. ಪುಸ್ತಕದ ಹುಳುವೆಂದು ಹಾಸ್ಯಕ್ಕೀಡಾದ ನೆರೆಮನೆಯ ಬರ್ನಾರ್ಡನು ವಕೀಲನಾಗಿ ಸರ್ವೋಚ್ಚ ನ್ಯಾಯಾಲಯದಲ್ಲಿ ವಾದಿಸಲು ಹೊರಡುವನು; ಆಟದ ಬಯಲಿನ ವೀರನು ಬರಿಗೈಯವನಾಗುವನು. ದೀರ್ಘಕಾಲ ಉತ್ತರಪತ್ರಿಕೆಗಳನ್ನು ತಿದ್ದಿದ ನನಗೆ ಇಬ್ಬರ ಮಾತಿನಲ್ಲಿಯೂ ಅರ್ಧ ಸತ್ಯವೇ ಕಾಣುವುದು. ಆದರೆ ತಂದೆಯ ಅಳತೆಗೋಲು ಹೊರಗಿನಿಂದ ಎರವು ತಂದುದೆಂಬುದನ್ನು ಇಬ್ಬರೂ ಸರಿಯಾಗಿ ಹಿಡಿದಿರುವರು: ಒಂದೆಡೆ ಸರ್ಕಾರದ ಪರೀಕ್ಷೆ, ಇನ್ನೊಂದೆಡೆ ಪೇಟೆಯ ಜನಪ್ರಿಯತೆ.

ಇನ್ನು ಗಿರೀಶ ಕಾರ್ನಾಡರ ‘ಯಯಾತಿ’. 1961ರಲ್ಲಿ ಪ್ರಕಟವಾದ ಈ ನಾಟಕದ ಕಥೆಯು ತಾನು ವ್ಯಾಸಂಗಕ್ಕಾಗಿ ಪರದೇಶಕ್ಕೆ ಹೊರಟುನಿಂತಾಗ, ಮನೆಯವರ ನಿರೀಕ್ಷೆಯ ಭಾರದ ನಡುವೆ, ತನ್ನನ್ನು ಹಿಡಿಯಿತೆಂದು ಕರ್ತೃವೇ ಹೇಳಿಕೊಂಡಿರುವರು. ಮಹಾಭಾರತದ ಆದಿಪರ್ವದಲ್ಲಿ ನಾಲ್ವರು ಮಕ್ಕಳು ಒಲ್ಲೆವೆಂದ ಮುಪ್ಪನ್ನು ಪೂರುವು ಹೊರುವನು, ರಾಜ್ಯವನ್ನು ಪಡೆಯುವನು. ಆ ಉಪಾಖ್ಯಾನದಲ್ಲಿ ಪೂರುವಿನ ಹೆಂಡತಿಯ ಮಾತೇ ಇಲ್ಲ. ಕಾರ್ನಾಡರು ಅವಳನ್ನು ಚಿತ್ರಲೇಖೆಯೆಂದು ಕರೆದು ರಂಗಕ್ಕೆ ತಂದರು. ಆರತಿ ಹಿಡಿದು ಕಾದವಳ ಮುಂದೆ ವೃದ್ಧನಾದ ಗಂಡನು ನಿಲ್ಲುವನು. ಅವಳು ಮಾವನನ್ನೇ ನೇರವಾಗಿ ಪ್ರಶ್ನಿಸುವಳು: ನನ್ನ ಪತಿಯ ತಾರುಣ್ಯವು ಈಗ ನಿಮ್ಮಲ್ಲಿದೆಯಷ್ಟೆ, ನನ್ನ ಗತಿಯೇನು? ಆ ಪ್ರಶ್ನೆಗೆ ಯಯಾತಿಯಲ್ಲಿ ಉತ್ತರವಿಲ್ಲ. ಅವಳು ವಿಷವನ್ನು ಕುಡಿಯುವಳು. ಈ ದೃಶ್ಯವನ್ನು ಅಶ್ಲೀಲವೆಂದವರನ್ನು ಬಲ್ಲೆ. ನನ್ನ ಮತದಲ್ಲಿ ಇಲ್ಲಿಯೇ ನಮ್ಮ ನಾಟಕವು ಮಿಲ್ಲರನನ್ನು ಮೀರಿತು. ಲೋಮನ್ನನ ಪತ್ನಿ ಲಿಂಡಾ ಗಂಡನ ಪರವಾಗಿ ಮಕ್ಕಳನ್ನು ಗದರಿಸಬಲ್ಲಳು, ಹರಿದ ಕಾಲುಚೀಲವನ್ನು ಹೊಲಿಯಬಲ್ಲಳು; ತನ್ನ ಪರವಾಗಿ ಒಂದು ಮಾತನ್ನೂ ಆಡಳು. ತಂದೆ-ಮಕ್ಕಳ ವ್ಯಾಜ್ಯದಲ್ಲಿ ತೆರುವವಳು ಯಾರೆಂಬುದನ್ನು ಚಿತ್ರಲೇಖೆಯು ಸ್ಪಷ್ಟವಾಗಿ ಕೇಳಿದಳು.

ಯೂಜಿನ್ ಓನೀಲನ ‘ಲಾಂಗ್ ಡೇಸ್ ಜರ್ನಿ ಇಂಟು ನೈಟ್’ 1941ರಲ್ಲಿ ಮುಗಿದು, ಅವನು ಗತಿಸಿದ ಮೇಲೆ 1956ರಲ್ಲಿ ಬೆಳಕು ಕಂಡಿತು. 1912ರ ಒಂದೇ ದಿನದ ಕಥೆ. ತಂದೆ, ತಾಯಿ, ಇಬ್ಬರು ಮಕ್ಕಳು, ಒಬ್ಬ ಕೆಲಸದವಳು. ನಮ್ಮ ಸಕ್ರೆಬೈಲಿನ ಆನೆಬಿಡಾರದಲ್ಲಿ ಮರಿಯನ್ನು ತಾಯಿಯಿಂದ ಬೇರ್ಪಡಿಸಿ ಪಳಗಿಸುವ ಕ್ರಮವುಂಟು. ಅಲ್ಲಿಯ ದುಃಖವು ಅಗಲಿಕೆಯದು. ಓನೀಲನ ಮನೆಯ ದುಃಖವು ಅಗಲಲಾರದುದರದು. ನಮ್ಮ ಹಳೆಯ ಮನೆಗಳಲ್ಲಿ ಜಗಳದ ನಡುವೆ ಸೋದರತ್ತೆಯೋ ದೊಡ್ಡಪ್ಪನೋ ಬಾಯಿ ಹಾಕಿ ಅದನ್ನು ಚದರಿಸುತ್ತಿದ್ದರು. ಈಗ ಮಲೆನಾಡಿನ ಎಷ್ಟೋ ಮನೆಗಳಲ್ಲಿ ಮುದುಕ-ಮುದುಕಿಯರಿಬ್ಬರೇ; ಮಕ್ಕಳು ಬೆಂಗಳೂರಿನಲ್ಲಿಯೋ ಅಮೆರಿಕೆಯಲ್ಲಿಯೋ. ಹಬ್ಬಕ್ಕೆ ಬಂದ ಮಗನೊಡನೆ ಮಾತು ಸಾಗುವುದು ತೋಟದ ಅಡಿಕೆಯ ಧಾರಣೆಯವರೆಗೆ ಮಾತ್ರ.

ಜಿಲ್ಲೆಯ ಹವ್ಯಾಸಿ ತಂಡಗಳು ಮಿಲ್ಲರನನ್ನು ಆಡುವುದಾದರೆ ಲೋಮನ್ನನಿಗೆ ಪಂಚೆಯುಡಿಸಿ ರಾಮಣ್ಣನನ್ನಾಗಿ ಮಾಡದಿರಲಿ. ಹೆಸರುಗಳು ಹಾಗೆಯೇ ಇರಲಿ, ವಿಮೆಯ ಮೊತ್ತವೂ ಡಾಲರಿನಲ್ಲಿಯೇ ಇರಲಿ. ಲಿಂಡಾಳ ಪಾತ್ರಕ್ಕೆ ಮಾತ್ರ ತಂಡದಲ್ಲಿ ಎಲ್ಲರಿಗಿಂತ ಸಮರ್ಥಳಾದ ನಟಿಯನ್ನು ಆರಿಸಬೇಕು. ಕವಿಯು ಬರೆಯದೆ ಬಿಟ್ಟುದನ್ನು ಅವಳು ಮೌನದಲ್ಲಿ ಆಡಬೇಕಾಗಿದೆ.