ನೋವಿನ ಹೆಸರು ಮತ್ತು ನೋವಿನ ಮದ್ದು

ಗೋಕಾಕ, ಮೂಡಲಗಿ, ಹುಕ್ಕೇರಿ ತಾಲೂಕುಗಳ ಜನರಲ್ಲಿ ಬಹುಕಾಲದ ಮೈನೋವಿಗೆ ‘ವಾಯು’ ಎಂಬ ಹೆಸರು ಸಲ್ಲುತ್ತ ಬಂದಿದೆ. ಮೈಯೆಲ್ಲ ನೋಯುವುದು, ಮಲಗಿ ಎದ್ದರೂ ದಣಿವು ಆರದಿರುವುದು, ರಕ್ತಪರೀಕ್ಷೆಯಲ್ಲಿಯೂ ಕ್ಷಕಿರಣ ಚಿತ್ರದಲ್ಲಿಯೂ ದೋಷ ಕಾಣದಿರುವುದು—ಇಂಥ ಲಕ್ಷಣಗಳ ಬೇನೆಯನ್ನು ಇಂದಿನ ವೈದ್ಯರು ಫೈಬ್ರೋಮಯಾಲ್ಜಿಯ ಎನ್ನುವರು. ಈ ಎರಡು ಹೆಸರುಗಳನ್ನು ಸಮೀಕರಿಸಿ, ‘ಇದು ನಮ್ಮ ಪೂರ್ವಿಕರು ಬಲ್ಲ ವಾತರೋಗವೇ, ಮದ್ದೂ ಅವರ ಗ್ರಂಥಗಳಲ್ಲಿಯೇ ಉಂಟು’ ಎಂದು ಬರೆಯುವ ವಾಡಿಕೆಯೊಂದು ಬೆಳೆದಿದೆ. ನಾವು ವೈದ್ಯರಲ್ಲ. ಆದರೆ ಗ್ರಂಥಸಾಕ್ಷ್ಯವನ್ನು ಮುಂದಿಟ್ಟು ಹೂಡಿದ ವಾದವನ್ನು ಇತಿಹಾಸದ ಅಭ್ಯಾಸಿಯು ಪರೀಕ್ಷಿಸುವುದು ಅನಧಿಕಾರ ಚೇಷ್ಟೆಯಾಗಲಾರದು.

ಮೊದಲು ‘ಪೂರ್ವಿಕರು’ ಎಂಬ ಮಾತನ್ನೇ ನೋಡೋಣ. ಚರಕಸಂಹಿತೆಯು ವಾತವಿಕಾರಗಳನ್ನು 80 ಎಂದು ಎಣಿಸುತ್ತದೆ. ಉಗುರು ಸೀಳುವುದು, ಅಂಗಾಲು ಒಡೆಯುವುದು, ಕಿವುಡು, ನಿದ್ದೆಗೇಡು ಎಲ್ಲವೂ ಆ ಪಟ್ಟಿಯಲ್ಲಿವೆ. ಇಷ್ಟು ವಿಶಾಲವಾದ ಚಪ್ಪರದ ಕೆಳಗೆ ಯಾವ ಬೇನೆಯನ್ನು ತಂದು ನಿಲ್ಲಿಸಿದರೂ ನಿಲ್ಲುವುದು; ಅದರಿಂದ ಏನೂ ಸಿದ್ಧವಾಗದು. ಸಮೀಕರಣಕ್ಕೆ ಬಹುವಾಗಿ ಬಳಸುವ ‘ಆಮವಾತ’ವಾದರೋ ಪ್ರತ್ಯೇಕ ವ್ಯಾಧಿಯಾಗಿ ನಿರೂಪಿತವಾದುದು ಚರಕನಲ್ಲಿ ಅಲ್ಲ, ಶತಮಾನಗಳ ಅನಂತರದ ಮಾಧವನಿದಾನದಲ್ಲಿ. ಕನ್ನಡದ ಮಟ್ಟಿಗೆ ಹೇಳುವುದಾದರೆ, 12ನೆಯ ಶತಮಾನದ ಜಗದ್ದಳ ಸೋಮನಾಥನು ಪೂಜ್ಯಪಾದರ ‘ಕಲ್ಯಾಣಕಾರಕ’ವನ್ನು ಕನ್ನಡಿಸಿದಾಗ ಜೈನಮತಕ್ಕೆ ಅನುಗುಣವಾಗಿ ಮದ್ಯ, ಮಾಂಸ, ಮಧುಗಳಿಲ್ಲದ ಚಿಕಿತ್ಸೆಯನ್ನೇ ಹೇಳಿದನು. ಪೂರ್ವಿಕರು ತಮ್ಮತಮ್ಮೊಳಗೆ ಭೇದಿಸಿದರು, ತಿದ್ದಿದರು, ಬಿಟ್ಟರು. ಅವರನ್ನು ಒಂದೇ ಬಾಯಿಂದ ಮಾತಾಡಿಸುವುದು ಅವರಿಗೆ ತೋರುವ ಗೌರವವೆಂದು ನಮಗೆ ತೋರದು.

ಇನ್ನು ಆಧುನಿಕ ಹೆಸರಿನ ಚರಿತ್ರೆಯೂ ನಿಷ್ಕಳಂಕವಾದುದಲ್ಲ. 1904ರಲ್ಲಿ ಇಂಗ್ಲೆಂಡಿನ ವಿಲಿಯಂ ಗೋವರ್ಸನು ಇಂಥ ಬೇನೆಗೆ ‘ಫೈಬ್ರೋಸೈಟಿಸ್’ ಎಂದು ಹೆಸರಿಟ್ಟನು. ‘ಐಟಿಸ್’ ಎಂಬ ಪ್ರತ್ಯಯವು ಉರಿಯೂತವನ್ನು ಸೂಚಿಸುವುದು. ನಾರುಕಟ್ಟಿನಲ್ಲಿ ಉರಿಯೂತವಿದೆಯೆಂದು ಅವನು ಊಹಿಸಿದನು. ಮುಂದೆ ಹುಡುಕಿದವರಿಗೆ ಅದು ಕಾಣಲಿಲ್ಲ. 1970ರ ದಶಕದಲ್ಲಿ ಈಗಿನ ಹೆಸರು ಬಂದಿತು. 1990ರಲ್ಲಿ ಅಮೆರಿಕದ ಸಂಧಿವಾತತಜ್ಞರ ಮಂಡಲಿಯು ಮೈಮೇಲಿನ 18 ಬಿಂದುಗಳಲ್ಲಿ 11ನ್ನು ಒತ್ತಿದಾಗ ನೋಯಬೇಕೆಂದು ಲಕ್ಷಣ ಗೊತ್ತುಮಾಡಿತು. 2010ರಲ್ಲಿ ಆ ಬಿಂದುಗಳನ್ನು ಕೈಬಿಟ್ಟಿತು. ದೋಷವು ಸ್ನಾಯುವಿನಲ್ಲಿರುವುದಕ್ಕಿಂತ ನರಮಂಡಲವು ನೋವನ್ನು ಹೆಚ್ಚಿಸಿ ಗ್ರಹಿಸುವ ಬಗೆಯಲ್ಲಿದೆ ಎಂಬುದು ಈಗಿನ ಮತ. ಉರಿಯೂತವೆಂಬ ತಪ್ಪು ಹೆಸರಿನಿಂದ ಹೋಯಿತು. ಔಷಧದ ಚೀಟಿಯಿಂದ ಹೋಗಲಿಲ್ಲ. ನಮ್ಮ ವಿಮರ್ಶೆಯ ತಿರುಳು ಇಲ್ಲಿದೆ.

ಡೈಕ್ಲೋಫೆನಾಕ್ ಮೊದಲಾದವು ಉರಿಯೂತವನ್ನು ತಗ್ಗಿಸುವ ಮದ್ದುಗಳು. ಉಳುಕಿಗೆ, ಕೀಲುಬಾವಿಗೆ ಅವು ಉಪಕಾರಿಗಳು. ಉರಿಯೂತವಿಲ್ಲದ ಈ ಬೇನೆಗೆ ಅವುಗಳಿಂದ ಹೆಚ್ಚಿನ ಫಲವಿಲ್ಲ. ಆದರೂ ಸಂತೆಗೆ ಬಂದವರು ‘ಒಂದು ಸೂಜಿ’ ಮಾಡಿಸಿಕೊಂಡು ಹೋಗುವುದನ್ನು ನಾವು ನೋಡುತ್ತಲೇ ಇದ್ದೇವೆ. ಬಹುಕಾಲ ಸೇವಿಸಿದರೆ ಜಠರದಲ್ಲಿ ಹುಣ್ಣು, ಮೂತ್ರಪಿಂಡಕ್ಕೆ ಹಾನಿ. (ದನಗಳಿಗೆ ಕೊಟ್ಟ ಡೈಕ್ಲೋಫೆನಾಕು ಅವುಗಳ ಹೆಣ ತಿಂದ ರಣಹದ್ದುಗಳ ಮೂತ್ರಪಿಂಡವನ್ನು ಕೆಡಿಸಿ ಅವುಗಳ ಸಂತತಿಯನ್ನೇ ಅಳಿವಿನ ಅಂಚಿಗೆ ತಂದಿತು, 2006ರಲ್ಲಿ ಸರಕಾರವು ಪಶುಗಳಿಗೆ ಅದರ ಬಳಕೆಯನ್ನು ನಿಷೇಧಿಸಿತು.) ‘ವಾಯುವಿನ ಪುಡಿ’ ಎಂದು ಮಾರುವ ಹೆಸರಿಲ್ಲದ ಪೊಟ್ಟಣಗಳ ಮಾತು ಇನ್ನೂ ಕೆಟ್ಟದ್ದು. ಅಂಥವುಗಳಲ್ಲಿ ಸ್ಟೀರಾಯ್ಡು ಬೆರೆತಿದ್ದುದು ದೇಶದ ಹಲವೆಡೆ ಪರೀಕ್ಷೆಯಿಂದ ಹೊರಬಿದ್ದಿದೆ.

ಹಾಗಾದರೆ ಸಲ್ಲುವ ಮದ್ದು ಯಾವುದು? ಅಮಿಟ್ರಿಪ್ಟಿಲೀನ್ ಮತ್ತು ಡ್ಯುಲಾಕ್ಸೆಟೀನ್ ಮೂಲತಃ ಖಿನ್ನತೆಯ ಮದ್ದುಗಳು. ಪ್ರಿಗ್ಯಾಬಲಿನ್ ಅಪಸ್ಮಾರಕ್ಕೂ ನರಬೇನೆಗೂ ಬಳಕೆಗೆ ಬಂದುದು. ಅಮೆರಿಕದ ಔಷಧ ನಿಯಂತ್ರಕರು ಪ್ರಿಗ್ಯಾಬಲಿನ್ನನ್ನು 2007ರಲ್ಲಿ, ಡ್ಯುಲಾಕ್ಸೆಟೀನನ್ನು 2008ರಲ್ಲಿ ಈ ಬೇನೆಗೆ ಅಂಗೀಕರಿಸಿದರು. ಯುರೋಪಿನ ನಿಯಂತ್ರಕರು 2008–09ರಲ್ಲಿ ಅವೆರಡನ್ನೂ ಇದೇ ಬೇನೆಗೆ ಒಪ್ಪದೆ ತಿರಸ್ಕರಿಸಿದರು. ಮದ್ದುಗಳು ಅವೇ, ತೀರ್ಪುಗಳು ಎರಡು! ದಾಖಲೆಗಳನ್ನು ಓದಿ ಜಗಳವಾಡುವ ನಮ್ಮಂಥವರಿಗೆ ಇದರಲ್ಲಿ ಆಶ್ಚರ್ಯವೇನಿಲ್ಲ. ಫಲವಿಲ್ಲವೆಂದಲ್ಲ, ಅಲ್ಪವೆಂದು ತಾತ್ಪರ್ಯ: ಪ್ರಿಗ್ಯಾಬಲಿನ್ನಿನಿಂದ ನೋವು ಬಹಳಷ್ಟು ತಗ್ಗುವುದು ಸುಮಾರು ಹತ್ತರಲ್ಲಿ ಒಬ್ಬರಿಗೆ, ತಲೆಸುತ್ತು, ಮಂಪರು ಹಲವರಿಗೆ. ಅಫೀಮಿನ ಜಾತಿಯ ಬಲವಾದ ಮದ್ದುಗಳು ಇಲ್ಲಿ ಸಲ್ಲವೆಂಬುದರಲ್ಲಿ ತಜ್ಞರಿಗೆ ಭಿನ್ನಾಭಿಪ್ರಾಯವಿಲ್ಲ. 2017ರ ಯುರೋಪಿನ ಶಿಫಾರಸುಗಳು ನಿಸ್ಸಂದಿಗ್ಧವಾಗಿ ಬೆಂಬಲಿಸಿದುದು ಒಂದನ್ನೇ, ಅದು ವ್ಯಾಯಾಮ. ಘಟಪ್ರಭೆಯ ಕಾಲುವೆಯ ಬದಿಯ ಕಬ್ಬಿನ ಗದ್ದೆಯಲ್ಲಿ ಹಗಲೆಲ್ಲ ಬಗ್ಗಿ ದುಡಿಯುವ ಹೆಣ್ಣುಮಕ್ಕಳಿಗೆ ಈ ಮಾತು ಹಾಸ್ಯವಾಗಿ ಕೇಳಿಸೀತು. ಕ್ರಮವಾಗಿ, ಮೆಲ್ಲಮೆಲ್ಲನೆ ಹೆಚ್ಚಿಸುವ ನಡಿಗೆಯೂ ಕೂಲಿಯ ದುಡಿಮೆಯೂ ಒಂದಲ್ಲವೆಂದು ಬಿಡಿಸಿ ಹೇಳುವಷ್ಟು ಹೊತ್ತು ನಮ್ಮ ದವಾಖಾನೆಗಳಲ್ಲಿ ಯಾರಿಗೂ ಇಲ್ಲ.

ಹಳ್ಳಿಯಲ್ಲಿ ಮೈನೋವು ಅಪರೂಪವಲ್ಲ. ಪುಣೆಯ ಆಚೆಯ ಭಿಗವಣದಲ್ಲಿ 1996ರಲ್ಲಿ ಮನೆಮನೆಗೆ ಹೋಗಿ ಸುಮಾರು 4,000 ವಯಸ್ಕರನ್ನು ವಿಚಾರಿಸಿದಾಗ ನೂರಕ್ಕೆ 18 ಮಂದಿ ಕೀಲು ಅಥವಾ ಸ್ನಾಯುಗಳ ನೋವನ್ನು ಹೇಳಿದರು. ಇವೆಲ್ಲ ಫೈಬ್ರೋಮಯಾಲ್ಜಿಯವಲ್ಲ. ಇವರನ್ನು ‘ಏನೂ ಇಲ್ಲ’ವೆಂದು ಕಳುಹಿಸುವ ವೈದ್ಯನೂ ‘ಎಲ್ಲ ವಾಯುವೇ’ ಎನ್ನುವ ಲೇಖಕನೂ ಮಾಡುವ ಅನ್ಯಾಯ ಒಂದೇ ತೂಕದ್ದು. ಬೆನ್ನು ಗಟ್ಟಿಯಾಗಲೆಂದು ಬಾಣಂತಿಗೆ ಅಂಟಿನ ಉಂಡಿ ಕೊಡುವ, ಲಕ್ಕಿಯ ಎಲೆಯ ಶಾಖ ಕೊಡುವ ಮನೆಮದ್ದನ್ನು ನಾವು ಹಳಿಯುವುದಿಲ್ಲ. ಶಾಖದಿಂದ ಹಿತವಾಗುವುದು ನಿಜವೇ. ಅದನ್ನು ಶಾಸ್ತ್ರದ ಜಯವೆಂದು ಸಾರುವುದಷ್ಟೇ ನಮಗೆ ಒಪ್ಪಿಗೆಯಿಲ್ಲ.

ಹುಕ್ಕೇರಿ ಸೀಮೆಯಲ್ಲಿರುವ ನಮ್ಮ ಸೋದರತ್ತೆಯವರು ಹನ್ನೊಂದು ವರ್ಷಗಳ ಚೀಟಿಗಳನ್ನು ಬಟ್ಟೆಯ ಚೀಲದಲ್ಲಿ ಕಟ್ಟಿಟ್ಟಿದ್ದಾರೆ. ಅವುಗಳಲ್ಲಿ ಅವರ ಬೇನೆಗೆ ಐದು ಹೆಸರುಗಳಿವೆ. ಕೊನೆಗೆ ಒಬ್ಬ ವೈದ್ಯರು ರಾತ್ರಿಗೆ ಅಮಿಟ್ರಿಪ್ಟಿಲೀನಿನ ಸಣ್ಣ ಗುಳಿಗೆ ಬರೆದುಕೊಟ್ಟರು. ಅದು ಮನೋರೋಗದ ಮದ್ದೆಂದು ಓದಿದ ನೆರೆಯವರೊಬ್ಬರು ಹೇಳಿದೊಡನೆ ಅತ್ತೆಯವರು ಅದನ್ನು ಬಿಟ್ಟರು. ‘ನನಗೇನ ಹುಚ್ಚ ಹಿಡದೈತೇನಪಾ?’ ಎಂದು ನಮ್ಮನ್ನು ಕೇಳಿದರು. ಮದ್ದಿಗೆ ಅದರ ಹಳೆಯ ಹೆಸರು ಅಂಟಿಕೊಂಡಿರುವ ಬಗೆಯನ್ನು ವಿವರಿಸಲು ನಮಗೆ ಒಂದು ಮಧ್ಯಾಹ್ನ ಬೇಕಾಯಿತು. ವೈದ್ಯರನ್ನು ಮತ್ತೆ ಕಂಡು ಈಗ ಗುಳಿಗೆಯನ್ನು ತೆಗೆದುಕೊಳ್ಳುತ್ತಿದ್ದಾರೆ. ನಿದ್ದೆ ಬರುತ್ತಿದೆ, ನೋವು ಹೋಗಿಲ್ಲ, ತಗ್ಗಿದೆ ಎನ್ನುವರು.