ನಲವತ್ತೊಂಬತ್ತರ ಮುದುಕ

ಜಪಾನಿನ ನಿರ್ದೇಶಕ ಯಾಸುಜಿರೊ ಒಜು ಸಿನಿಮಾಗಳ ಹುಚ್ಚು ಹತ್ತಿದವರಿಗೆ ಒಂದು ಆಟ ಗೊತ್ತಿರುತ್ತದೆ: ನಟ ಚಿಶು ರ್ಯೂ ಈ ಸಲ ಯಾರಿಗೆ ಏನಾಗಬೇಕು? ನಟಿ ಸೆಟ್ಸುಕೊ ಹಾರಾಗೆ 1949ರ ‘ಲೇಟ್ ಸ್ಪ್ರಿಂಗ್’ನಲ್ಲಿ ಅಪ್ಪ, 1951ರ ‘ಅರ್ಲಿ ಸಮ್ಮರ್’ನಲ್ಲಿ ಅಣ್ಣ, 1953ರ ‘ಟೋಕಿಯೊ ಸ್ಟೋರಿ’ಯಲ್ಲಿ ಮಾವ. ‘ಅರ್ಲಿ ಸಮ್ಮರ್’ನಲ್ಲಿ ತಾಯಿಯಾಗಿದ್ದ ಚಿಯೆಕೊ ಹಿಗಾಶಿಯಾಮಾ ‘ಟೋಕಿಯೊ ಸ್ಟೋರಿ’ಗೆ ಬರುವಷ್ಟರಲ್ಲಿ ಹೆಂಡತಿ!

ಆಗ ರ್ಯೂಗೆ ಬರೀ 49. ಹಿರಿಮಗನ ಪಾತ್ರದ ಸೋ ಯಾಮಾಮುರಾ ಆರೇ ವರ್ಷಕ್ಕೆ ಚಿಕ್ಕವರು. ಆದರೂ ಎಪ್ಪತ್ತರ ಮುದುಕನೆಂದು ಮರುಮಾತಿಲ್ಲದೆ ಒಪ್ಪಿಬಿಡುತ್ತೇವೆ. ಯಾರೇನೆಂದರೂ ಮೊದಲೊಂದು ‘ಹೂಂ’, ಆಮೇಲೆ ನಗೆ, ಮಾತು ಕೊನೆಗೆ. ಹಳೇ ಗೆಳೆಯರ ಜತೆ ಕಂಠಪೂರ್ತಿ ಕುಡಿದು, ನಡುರಾತ್ರಿ ಮಗಳ ಬ್ಯೂಟಿ ಪಾರ್ಲರಿನ ಕುರ್ಚಿಯಲ್ಲಿ ಕುಸಿದು ನಿದ್ದೆಹೋಗುವ ದೃಶ್ಯ ನೋಡಿ. ಮಗಳು ಸಿಡುಕುತ್ತಿದ್ದರೆ ಇವರಿಗೆ ಕೇಳಿಸುವುದೂ ಇಲ್ಲ. ಕುಡುಕನ ಪಾತ್ರ ಸಿಕ್ಕರೆ ಸಾಕು, ತೂರಾಡಿ ಚಪ್ಪಾಳೆ ಗಿಟ್ಟಿಸುವ ನಟರೇ ಹೆಚ್ಚು. ರ್ಯೂ ಹಾಗಲ್ಲ.

ರ್ಯೂ ಹುಟ್ಟಿದ್ದು 1904ರಲ್ಲಿ, ಕುಮಾಮೊಟೊ ಸೀಮೆಯ ಬೌದ್ಧ ದೇವಾಲಯವೊಂದರ ಅರ್ಚಕರ ಮನೆಯಲ್ಲಿ. ಟೊಯೊ ವಿಶ್ವವಿದ್ಯಾಲಯದಲ್ಲಿ ಭಾರತೀಯ ತತ್ವಶಾಸ್ತ್ರ ಓದುತ್ತಿದ್ದವರು ಅದನ್ನು ಅರ್ಧಕ್ಕೇ ಬಿಟ್ಟು ಶೋಚಿಕು ಸ್ಟುಡಿಯೊ ಸೇರಿದರು. ವರ್ಷಗಟ್ಟಲೆ ಗುಂಪಿನಲ್ಲಿ ಗೋವಿಂದ. ಊರಿನ ಮಾತಿನ ಧಾಟಿ ಮಾತ್ರ ಕೊನೆತನಕ ನಾಲಿಗೆ ಬಿಡಲಿಲ್ಲ. ಅದು ಬಿಡದಿದ್ದುದೇ ನಮ್ಮ ಪುಣ್ಯ. 1936ರ ‘ದಿ ಓನ್ಲಿ ಸನ್’ನಲ್ಲಿ ಅವರು ಮೇಷ್ಟ್ರು, ದೊಡ್ಡ ಕನಸು ಹೊತ್ತು ಟೋಕಿಯೊಗೆ ಹೋಗಿ, ಕೊನೆಗೆ ಹಂದಿಮಾಂಸದ ಕಟ್ಲೆಟ್ ಕರಿಯುತ್ತಾ ಕೂತವರು. ಚಿಕ್ಕ ಪಾತ್ರ, ಆದರೆ ಸೋತವನ ಸಂಕೋಚವನ್ನು ಅವರು ತೋರಿಸಿದ ಬಗೆ ನನಗೆ ‘ಟೋಕಿಯೊ ಸ್ಟೋರಿ’ಯಷ್ಟೇ ಇಷ್ಟ.

‘ಲೇಟ್ ಸ್ಪ್ರಿಂಗ್’ನ ಕೊನೆಯಲ್ಲಿ ಮಗಳ ಮದುವೆ ಮುಗಿಸಿ ಬಂದ ಅಪ್ಪ ಒಬ್ಬನೇ ಕೂತು ಸೇಬಿನ ಸಿಪ್ಪೆ ಹೆರೆಯುತ್ತಾನೆ. ಅಲ್ಲಿ ಬಿಕ್ಕಿಬಿಕ್ಕಿ ಅಳಬೇಕೆಂದು ಒಜು ಹೇಳಿದ್ದರಂತೆ. ‘ನನ್ನಿಂದಾಗದು’ ಎಂದರು ರ್ಯೂ. ಹಟಮಾರಿ ಒಜು ಅದಕ್ಕೂ ಒಪ್ಪಿದರು. ಸಿಪ್ಪೆ ಜಾರುತ್ತದೆ, ತಲೆ ಬಾಗುತ್ತದೆ, ಅಷ್ಟೆ.

1963ರಲ್ಲಿ ಒಜು ತೀರಿಕೊಂಡರೂ ರ್ಯೂ ಕೈಕಟ್ಟಿ ಕೂರಲಿಲ್ಲ. ಯೋಜಿ ಯಾಮಾಡಾರ ತೋರಾ-ಸಾನ್ ಸಿನಿಮಾ ಸರಣಿಯಲ್ಲಿ 1969ರಿಂದ 1992ರವರೆಗೆ ದೇವಾಲಯದ ಅರ್ಚಕರಾದರು. ತಪ್ಪಿಸಿಕೊಂಡು ಬಂದಿದ್ದ ಉದ್ಯೋಗ ಪರದೆಯ ಮೇಲೆ ಹಿಡಿದುಕೊಂಡಿತು! 1990ರಲ್ಲಿ ನಿರ್ದೇಶಕ ಕುರೊಸಾವಾ ‘ಡ್ರೀಮ್ಸ್’ನಲ್ಲಿ ಅವರನ್ನು 103 ವರ್ಷದ ಅಜ್ಜನನ್ನಾಗಿಸಿದರು. ತನ್ನನ್ನು ಬಿಟ್ಟು ಬೇರೊಬ್ಬನನ್ನು ಕಟ್ಟಿಕೊಂಡಿದ್ದ ಮೊದಲ ಪ್ರೇಯಸಿ 99ಕ್ಕೆ ತೀರಿಕೊಂಡಿದ್ದಾಳೆ. ಅಜ್ಜ ನಗುತ್ತಲೇ ಆ ಹಳೇ ದೂರು ಹೇಳಿ, ಕೆಂಪಂಗಿ ತೊಟ್ಟು ಅವಳ ಶವಯಾತ್ರೆಯಲ್ಲಿ ಕುಣಿಯಲು ಹೊರಡುತ್ತಾನೆ.