ಗುಳುಮುಳುಕನ ನೆಂಟರು

ಮಳೆ ಹಿಡಿದು ಹದಿನೈದು ದಿನ ಕಳೆದ ಮೇಲೆ ನಮ್ಮೂರ ಕೆರೆ ಏರಿಯಲ್ಲಿ ಹೋಗಿ ಕೂತರೆ ಗುಳುಮುಳುಕ ಕಣ್ಣಿಗಿಂತ ಮೊದಲು ಕಿವಿಗೆ ಸಿಗುತ್ತದೆ. ಆಪಿನ ಪೊದೆಯೊಳಗಿಂದ ಪುಟ್ಟ ಕುದುರೆಯೊಂದು ಕೆನೆದ ಹಾಗೆ ನಡುಗುವ ಕೇಕೆ ಹೊರಡುತ್ತದೆ, ಇನ್ನೊಂದು ಮೂಲೆಯಿಂದ ಜೊತೆಗಾತಿಯ ಉತ್ತರ ಬರುತ್ತದೆ. ಸ್ವಲ್ಪ ಹೊತ್ತು ಅಲುಗಾಡದೆ ಕೂತರೆ ಹಕ್ಕಿ ತೆರೆದ ನೀರಿಗೆ ತೇಲಿ ಬರುತ್ತದೆ. ಗುಂಡಗಿನ ಮೈ, ಬಾಲವೇ ಇಲ್ಲವೆನ್ನುವಂಥ ಹಿಂಭಾಗ, ಕೆನ್ನೆ ಕತ್ತುಗಳಲ್ಲಿ ಮಳೆಗಾಲದ ಕಂದುಗೆಂಪು, ಕೊಕ್ಕಿನ ಬುಡದಲ್ಲಿ ಒಂದು ಹಳದಿ ಚುಕ್ಕೆ. ನೋಡುತ್ತಿದ್ದಂತೆ ಗುಳುಂ ಎಂದು ಮುಳುಗುತ್ತದೆ. ನೀರಿನ ಮೇಲೆ ಉಂಗುರಗಳಷ್ಟೇ ಉಳಿಯುತ್ತವೆ. ಎಲ್ಲಿ ಏಳುತ್ತದೋ ಎಂದು ಕಾಯುವುದರಲ್ಲೇ ನನ್ನ ಎಷ್ಟೋ ಬೆಳಗುಗಳು ಕಳೆದಿವೆ.

ಇದು ಯಾರ ಪೈಕಿ ಎಂಬ ಪ್ರಶ್ನೆ ನನ್ನನ್ನು ಬಹಳ ಕಾಲ ಕಾಡಿದೆ. ಅದೇ ಕೆರೆಯಲ್ಲಿ ಬಾತುಗಳು ಈಜುತ್ತವೆ. ಹಣೆಗೆ ಬಿಳಿ ನಾಮ ಹಾಕಿಕೊಂಡ ನಾಮಕೋಳಿಗಳು ಈಜುತ್ತವೆ. ದೂರದಿಂದ ಎಲ್ಲವೂ ಒಂದೇ ಬಳಗದಂತೆ ಕಾಣುತ್ತವೆ. ಒಮ್ಮೆ ಮೀನಿನ ಬಲೆಗೆ ಸಿಕ್ಕಿಬಿದ್ದ ಗುಳುಮುಳುಕನನ್ನು ಮೀನುಗಾರರೊಬ್ಬರು ಒಂದೊಂದೇ ಎಳೆ ಬಿಡಿಸಿ ಹೊರತೆಗೆಯುವಾಗ ನಾನು ಪಕ್ಕದಲ್ಲೇ ಇದ್ದೆ. ಅವರ ಅಂಗೈಯಲ್ಲಿ ಅದರ ಕಾಲು ಚಾಚಿಕೊಂಡಿತ್ತು. ಕಾಲು ಮೈಯ ತೀರಾ ಹಿಂದಕ್ಕೆ, ಬಾಲದ ಬುಡಕ್ಕೇ ಅಂಟಿಸಿದಂತಿತ್ತು. ಮೊಣಕಾಲಿನ ಕೆಳಗಿನ ಭಾಗ ಕತ್ತಿಯ ಅಲಗಿನ ಹಾಗೆ ಚಪ್ಪಟೆ. ಬೆರಳುಗಳ ನಡುವೆ ಬಾತಿಗಿರುವ ಜಾಲಪೊರೆ ಇರಲಿಲ್ಲ. ಪ್ರತಿ ಬೆರಳಿಗೂ ಬೇರೆಬೇರೆಯಾಗಿ ಎಲೆಯಂಥ ಅಂಚು, ಉಗುರೂ ಚಪ್ಪಟೆ. ನಾಮಕೋಳಿಯ ಬೆರಳಿಗೂ ಇಂಥ ಅಂಚುಂಟು. ಆದರೆ ಅದರಲ್ಲಿ ಗೆಣ್ಣುಗೆಣ್ಣಿಗೂ ಕಡಿದುಕೊಂಡು ಕಮಾನು ಕಮಾನಾಗಿರುತ್ತದೆ, ಇದರದ್ದು ಬುಡದಿಂದ ತುದಿಯವರೆಗೆ ಒಂದೇ ಹಾಳೆ. ನಾಮಕೋಳಿ ಬೇಲಿಯಂಚಿನ ಹುಂಡುಕೋಳಿಯ ಮನೆಯದ್ದು, ಅದರ ಹಿಂದಿನ ದೊಡ್ಡ ಬಳಗಕ್ಕೆ ಸಾರಸವೂ ಸೇರಿದೆ. ಒಂದೇ ಕೆರೆಯಲ್ಲಿ ಒಂದೇ ಕೆಲಸಕ್ಕೆ ಎರಡು ಬೇರೆ ಮನೆತನಗಳು ಹೆಚ್ಚುಕಡಿಮೆ ಒಂದೇ ಥರದ ಹುಟ್ಟು ಕೆತ್ತಿಕೊಂಡಿವೆ.

ಹಾಗಾದರೆ ಗುಳುಮುಳುಕನ ಹತ್ತಿರದ ನೆಂಟ ಯಾರು? ಉತ್ತರ ಕೇಳಿದವರು ಮೊದಲ ಸಲ ನಂಬುವುದಿಲ್ಲ, ನಾನೂ ನಂಬಿರಲಿಲ್ಲ. ರಾಜಹಂಸ! ಆಲಮಟ್ಟಿ ಹಿನ್ನೀರಿನ ಕೆಸರಿನಲ್ಲಿ ಮಾರುದ್ದ ಕಾಲೂರಿ, ಕೊಕ್ಕನ್ನು ತಲೆಕೆಳಗು ಮಾಡಿ ನೀರು ಸೋಸುವ ಅದೇ ಗುಲಾಬಿ ಹಕ್ಕಿ. ಒಂದು ಮುಳುಗುತ್ತದೆ, ಇನ್ನೊಂದು ನಿಂತಲ್ಲೇ ಬಗ್ಗುತ್ತದೆ. ಒಂದು ನೆಲದ ಮೇಲೆ ನಾಲ್ಕು ಹೆಜ್ಜೆ ಇಡಲು ಒದ್ದಾಡುತ್ತದೆ, ಇನ್ನೊಂದಕ್ಕೆ ನಡಿಗೆಯೇ ಬದುಕು.

ರಾಜಹಂಸವನ್ನು ಎಲ್ಲಿ ಕೂರಿಸಬೇಕೆಂಬುದು ಪಕ್ಷಿಶಾಸ್ತ್ರದ ಹಳೆಯ ವ್ಯಾಜ್ಯ. ಕಾಲು ನೋಡಿದವರು ಕೊಕ್ಕರೆ ಅಂದರು. ಕೊಕ್ಕಿನೊಳಗಿನ ಜರಡಿ ಮತ್ತು ಪಾದದ ಜಾಲಪೊರೆ ನೋಡಿದವರು ಬಾತು ಅಂದರು. 1867ರಲ್ಲಿ ಥಾಮಸ್ ಹೆನ್ರಿ ಹಕ್ಸ್‌ಲಿ ಯಾರ ಕಡೆಗೂ ತೀರ್ಪು ಕೊಡಲಾಗದೆ ಎರಡರ ನಡುವೆ ಅದಕ್ಕೊಂದು ಪ್ರತ್ಯೇಕ ಗುಂಪನ್ನೇ ಮಾಡಿದ. ಗರಿಯೊಳಗಿನ ಹೇನನ್ನೂ ಸಾಕ್ಷಿಗೆ ಕರೆದರು. ಬಾತಿನ ಹೇನೂ ರಾಜಹಂಸದ ಹೇನೂ ಒಂದೇ ಕುಲದವಾದ್ದರಿಂದ ಬಾತಿನ ಪಕ್ಷ ಗೆಲ್ಲುವಂತೆ ಕಂಡಿತು. ಒಂದೇ ನೀರನ್ನು ಹಂಚಿಕೊಂಡ ಹಕ್ಕಿಗಳ ನಡುವೆ ಹೇನು ದಾಟಿಕೊಂಡಿತ್ತು ಅಷ್ಟೇ ಎಂಬುದು ತಿಳಿದದ್ದು ಬಹಳ ಆಮೇಲೆ. ಗುಳುಮುಳುಕನ ಹೆಸರು ಈ ವ್ಯಾಜ್ಯದಲ್ಲಿ ಬರಲೇ ಇಲ್ಲ. 2001ರಲ್ಲಿ ಡಿಎನ್‌ಎ ಹೋಲಿಕೆಯಲ್ಲಿ ಇವೆರಡೂ ಅಕ್ಕಪಕ್ಕ ಬಂದು ನಿಂತಾಗ ಅನೇಕರು ಲೆಕ್ಕದಲ್ಲೇ ಎಡವಟ್ಟಾಗಿದೆ ಎಂದುಕೊಂಡರು. ಆಮೇಲೆ ನಡೆದ ದೊಡ್ಡ ದೊಡ್ಡ ಅಧ್ಯಯನಗಳಲ್ಲೂ ಜೋಡಿ ಮುರಿಯಲಿಲ್ಲ.

ಆಗ ತಜ್ಞರು ಮೈಯನ್ನು ಮತ್ತೊಮ್ಮೆ ತಡಕಿದರು. ಎರಡರ ಮೊಟ್ಟೆಯ ಚಿಪ್ಪಿನ ಮೇಲೂ ಕ್ಯಾಲ್ಸಿಯಂ ಫಾಸ್ಫೇಟಿನ ಲೇಪವಿದೆ, ಗೋಡೆಗೆ ಸುಣ್ಣ ಬಳಿದ ಹಾಗೆ. ಕರುಳಿನಲ್ಲಿ ಒಂದು ಕುಟುಂಬದ ಲಾಡಿಹುಳುಗಳಿರುತ್ತವೆ. ಆ ಕುಟುಂಬ ಮನೆ ಮಾಡುವುದು ಗುಳುಮುಳುಕಗಳ ಮತ್ತು ರಾಜಹಂಸಗಳ ಹೊಟ್ಟೆಯಲ್ಲಿ ಮಾತ್ರ. ಹೇನಿನಂತೆ ಹುಳುವೂ ದಾಟಿರಬಹುದಲ್ಲ ಎಂದು ಯಾರಾದರೂ ಕೇಳಿದರೆ ಅದು ನ್ಯಾಯವಾದ ಪ್ರಶ್ನೆಯೇ. ಆದರೆ ಡಿಎನ್‌ಎ, ಮೊಟ್ಟೆ, ಹುಳು ಮೂರೂ ಒಂದೇ ಮಾತು ಹೇಳುವಾಗ ಕಿವಿಗೊಡಬೇಕಾಗುತ್ತದೆ.

ನಮ್ಮ ಸೋದರತ್ತೆಯೊಬ್ಬರಿದ್ದರು. ಮದುವೆಮನೆಯಲ್ಲಿ ಹಿಂದೆಂದೂ ನೋಡಿರದ ಹುಡುಗಿಯನ್ನು ಹತ್ತಿರ ಕರೆದು, ಕಿವಿಯ ಹಾಲೆ ಮುಟ್ಟಿ ನೋಡಿ, “ನೀನು ಕೆಳಮನೆ ಲಕ್ಷ್ಮಮ್ಮನ ಮೊಮ್ಮಗಳಲ್ಲವೇನೇ?” ಎನ್ನುತ್ತಿದ್ದರು. ಸೀರೆ ನೋಡಿ ಹೇಳುತ್ತಿರಲಿಲ್ಲ, ಓದು ಕೆಲಸ ಕೇಳಿ ಹೇಳುತ್ತಿರಲಿಲ್ಲ. ಖಾಕಿ ತೊಟ್ಟವರೆಲ್ಲ ಅಣ್ಣತಮ್ಮಂದಿರಲ್ಲ ಎಂದು ಯಾರಿಗೆ ಗೊತ್ತಿಲ್ಲ? ಹಕ್ಕಿಗಳ ವಿಷಯದಲ್ಲಿ ಮಾತ್ರ ನಾವು ಖಾಕಿಯನ್ನೇ ನಂಬುತ್ತ ಬಂದೆವು. ಕೊಕ್ಕು, ಕಾಲು, ರೆಕ್ಕೆಯ ಆಕಾರ ಇವು ಹೊಟ್ಟೆಪಾಡಿನ ಸಲಕರಣೆಗಳು. ಕಸುಬು ಬದಲಾದರೆ ಅವೂ ಬದಲಾಗುತ್ತವೆ. ಕಸುಬಿಗೆ ಸಂಬಂಧವೇ ಇಲ್ಲದ, ಯಾರೂ ಲಕ್ಷ್ಯ ಕೊಡದ ಸಣ್ಣ ಸಂಗತಿಗಳಲ್ಲಿ ಮನೆತನದ ಗುರುತು ಉಳಿದುಕೊಳ್ಳುತ್ತದೆ. ಡಾರ್ವಿನ್ ಇದನ್ನು 1859ರಲ್ಲೇ ತನ್ನ ಗ್ರಂಥದ ವರ್ಗೀಕರಣದ ಅಧ್ಯಾಯದಲ್ಲಿ ಒತ್ತಿ ಹೇಳಿದ್ದ. ಜೀವಿಯ ಬದುಕಿನ ರೀತಿಗೆ ಯಾವ ಲಕ್ಷಣ ಎಷ್ಟು ದೂರವೋ ವಂಶ ಹುಡುಕುವವನಿಗೆ ಅದು ಅಷ್ಟು ಬೆಲೆಯುಳ್ಳದ್ದು ಎಂಬುದು ಅವನ ವಾದ. ದುರ್ಬೀನು ಕೊರಳಿಗೆ ಹಾಕಿಕೊಂಡವರೆಲ್ಲ ನೆನಪಿಡಬೇಕಾದ ಮಾತು ಎಂದು ನಾನು ತಿಳಿದಿದ್ದೇನೆ.

ಸಂಜೆ ಹಳೆಯ ದೇವಸ್ಥಾನದ ಗೋಪುರದ ಸುತ್ತ ಚೀರುತ್ತ ಸುತ್ತುವ ಬಾನಾಡಿಗಳನ್ನೇ ನೋಡಿ. ಪಕ್ಕದ ತಂತಿಯ ಮೇಲೆ ಕವಲುತೋಕೆಗಳು ಸಾಲಾಗಿ ಕೂತಿರುತ್ತವೆ. ಎರಡೂ ಹಾರುತ್ತಲೇ ಹುಳ ಹಿಡಿಯುತ್ತವೆ, ಎರಡಕ್ಕೂ ನೀಳ ರೆಕ್ಕೆ, ಪುಟ್ಟ ಕೊಕ್ಕು, ಅಗಲ ಬಾಯಿ. ಲಿನೇಯಸ್ 1758ರಲ್ಲಿ ಎರಡನ್ನೂ ಒಂದೇ ಕುಲಕ್ಕೆ ಸೇರಿಸಿದ. ಆದರೆ ಬಾನಾಡಿ ತಂತಿಯ ಮೇಲೆ ಕೂತದ್ದನ್ನು ನೀವು ನೋಡಿದ್ದೀರಾ? ಕೂರಲಾರದು. ಅದರ ಪುಟ್ಟ ಕಾಲಿನ ನಾಲ್ಕು ಬೆರಳೂ ಮುಂದಕ್ಕೆ ತಿರುಗಿ ಕೊಕ್ಕೆಯಾಗುತ್ತವೆ, ಗೋಡೆಗೆ ನೇತುಬೀಳಲಷ್ಟೇ ಲಾಯಕ್ಕು. ಕವಲುತೋಕೆಯದ್ದು ಗುಬ್ಬಚ್ಚಿಯ ಕಾಲು, ಮೂರು ಬೆರಳು ಮುಂದೆ, ಒಂದು ಹಿಂದೆ. ಅದು ನಿಜವಾಗಿಯೂ ಗುಬ್ಬಚ್ಚಿಯಿರುವ ಹಾಡುಹಕ್ಕಿಗಳ ಮಹಾ ಬಳಗದ್ದೇ. ಬಾನಾಡಿಯ ತೋಳಿನ ಮೂಳೆ ಬಲು ಗಿಡ್ಡ, ರೆಕ್ಕೆಯ ಹೆಚ್ಚುಪಾಲು ಅಂಗೈ ಮತ್ತು ಅದರಿಂದ ಹೊರಟ ಗರಿಗಳದ್ದು. ಇದೇ ವಿಚಿತ್ರ ಅಳತೆ ಇರುವ ಇನ್ನೊಂದು ಹಕ್ಕಿ ಸಮುದ್ರದಾಚೆಯ ಅಮೆರಿಕ ಖಂಡಗಳಲ್ಲಿದೆ, ಅದು ಹಮ್ಮಿಂಗ್‌ಬರ್ಡ್. ಅವೆರಡೂ ಒಂದೇ ಮನೆ. ಸ್ವಲ್ಪ ದೂರದ ನೆಂಟರು ಬೇಕೆಂದರೆ ಮುಸ್ಸಂಜೆಯ ಕಾಲುದಾರಿಯಲ್ಲಿ ಒಣಗಿದ ತರಗೆಲೆಯಂತೆ ಕೂರುವ ನತ್ತಿಂಗ, ಪಶ್ಚಿಮಘಟ್ಟದ ಕಾಡಿನ ಕಪ್ಪೆಬಾಯಿ ಹಕ್ಕಿ. ನಮ್ಮ ದಾಸವಾಳಕ್ಕೆ ಬರುವ ಸೂರಕ್ಕಿಯನ್ನು ಹಮ್ಮಿಂಗ್‌ಬರ್ಡ್ ಎಂದು ತೋರಿಸುವವರಿದ್ದಾರೆ. ಅದು ಬರೀ ಕಸುಬಿನ ಹೋಲಿಕೆ. ಗೋಪುರದ ಮೇಲೆ ಚೀರುವುದೇ ನಿಜವಾದ ದಾಯಾದಿ.

ನನ್ನ ಮನಸ್ಸಿಗೆ ಎಲ್ಲಕ್ಕಿಂತ ಹೆಚ್ಚು ಪೆಟ್ಟು ಕೊಟ್ಟದ್ದು ಚಾಣ. ಗಿಡುಗ, ಹದ್ದು, ಚಾಣ ಎಲ್ಲ ಒಂದೇ ಪುಟದ ಹಕ್ಕಿಗಳೆಂದು ನಾವು ಓದಿ ಬೆಳೆದವರು. ಸಲೀಂ ಅಲಿ ಮತ್ತು ಡಿಲನ್ ರಿಪ್ಲಿ ಅವರ 10 ಸಂಪುಟಗಳ ಕೈಪಿಡಿಯಲ್ಲಿ ಚಾಣವಿರುವುದು 1ನೇ ಸಂಪುಟದಲ್ಲಿ, ಗಿಳಿ ಬರುವುದು 3ನೇ ಸಂಪುಟದಲ್ಲಿ. 2008ರಲ್ಲಿ 169 ಜಾತಿಯ ಹಕ್ಕಿಗಳ 19 ಜೀನ್ ತಾಣಗಳನ್ನು ಹೋಲಿಸಿದ ಅಧ್ಯಯನ ಪ್ರಕಟವಾಯಿತು. ಅದರ ಪ್ರಕಾರ ಚಾಣ ಗಿಡುಗದಿಂದ ದೂರ ಸರಿದು ಗಿಳಿ ಮತ್ತು ಗುಬ್ಬಚ್ಚಿಗಳ ಪಕ್ಕ ಬಂದು ಕೂತಿತು. ಅಂದರೆ ಅಂಗಳದ ಗುಬ್ಬಚ್ಚಿಯ ರಕ್ತಸಂಬಂಧ ಚಾಣಕ್ಕೆ ಎಷ್ಟು ಹತ್ತಿರವೋ ಗಿಡುಗಕ್ಕೆ ಅಷ್ಟು ಹತ್ತಿರವಲ್ಲ.

ಇದನ್ನು ಓದಿದ ಮೇಲೆ ನಾನು ಕಂಡದ್ದನ್ನೇ ಮತ್ತೆ ಕಾಣತೊಡಗಿದೆ. ಗಿಡುಗದ ಪೈಕಿಯ ಬಿಜ್ಜು ಓತಿಕ್ಯಾತವನ್ನೋ ಹಕ್ಕಿಯನ್ನೋ ಕೊಲ್ಲುವುದು ಕಾಲಿನಿಂದ, ಉಗುರು ಹೂತು ಹಿಸುಕಿ. ತಾಳೆಮರದ ಹಳೆಯ ಕಾಗೆಗೂಡಿನಲ್ಲಿ ಸಂಸಾರ ಹೂಡಿದ್ದ ಕೆಂಪುತಲೆಯ ಚಾಣವೊಂದು ಸಣ್ಣ ಹಕ್ಕಿ ಹಿಡಿದು ತಂದು ಕೊಂಬೆಯ ಮೇಲೆ ಕೂತಾಗ ಗಮನವಿಟ್ಟು ನೋಡಿದೆ. ಕಾಲು ಅದುಮಿ ಹಿಡಿದಿತ್ತು ಅಷ್ಟೇ, ಕೆಲಸ ಮುಗಿಸಿದ್ದು ಕೊಕ್ಕು. ಚಾಣದ ಮೇಲ್ಕೊಕ್ಕಿನ ಅಂಚಿನಲ್ಲಿ ಹಲ್ಲಿನಂಥ ಒಂದು ಮೊನೆಯಿದೆ, ಅದರಿಂದ ಕತ್ತಿನ ಹಿಂಭಾಗ ಕಚ್ಚಿ ಮುರಿಯುತ್ತದೆ. ಗೂಡನ್ನೂ ಅದು ಕಟ್ಟುವುದಿಲ್ಲ, ಕಾಗೆಯದ್ದೋ ಬಂಡೆಯ ಸಂದೋ ಸಾಕು. ಬಿಜ್ಜು ಪಾಪ ಕಡ್ಡಿಕಡ್ಡಿ ಹೊತ್ತು ತರುತ್ತದೆ. ಇವೆಲ್ಲ ಇನ್ನೂ ಕಸುಬಿನ ವ್ಯತ್ಯಾಸಗಳೇ ಎನ್ನಬಹುದು. ಹಾಗಾದರೆ ಗರಿ ಉದುರುವ ಕ್ರಮ ನೋಡಬೇಕು. ಗಿಡುಗಗಳಲ್ಲಿ ರೆಕ್ಕೆಯ ಹಾರುಗರಿಗಳು ಒಳಗಿನಿಂದ ಒಂದೊಂದಾಗಿ ಉದುರುತ್ತ ತುದಿಯ ಕಡೆಗೆ ಸಾಗುತ್ತವೆ. ಚಾಣಗಳಲ್ಲಿ ನಡುವಿನ ಒಂದು ಗರಿಯಿಂದ ಶುರುವಾಗಿ ಎರಡೂ ಕಡೆಗೆ ಹರಡುತ್ತದೆ. ಗಿಳಿಗಳಲ್ಲೂ ಹಾಗೆಯೇ, ನಡುವಿನಿಂದಲೇ. ಮೇಲೆ ಹಾರುವ ಚಾಣದ ರೆಕ್ಕೆಯ ನಡುವೆ ಒಂದು ಗರಿಯಷ್ಟು ಬೆಳಕಿಂಡಿ ಕಂಡರೆ ನನಗೆ ಈಗ ಗಿಳಿಯ ನೆನಪಾಗುತ್ತದೆ. ಸೋದರತ್ತೆ ಮುಟ್ಟಿ ನೋಡುತ್ತಿದ್ದ ಕಿವಿಯ ಹಾಲೆ ಇದೇ.

ಪಟ್ಟಿ ಮೇಲಿಂದ ಮೇಲೆ ಬದಲಾಗುತ್ತದೆ, ಕಲಿತ ಹೆಸರು ಮರೆತು ಹೊಸದು ಕಲಿಯಬೇಕು ಎಂದು ಜೊತೆಗಾರರು ಬೇಸರಪಡುತ್ತಾರೆ. ನನಗೆ ಅದರಲ್ಲಿ ಬೇಸರವಿಲ್ಲ. ನೀಲಗಿರಿಯ ಶೋಲಾ ಕಾಡಿನ ನೆಲದಲ್ಲಿ ಕುಪ್ಪಳಿಸುವ ಕಡುನೀಲಿ ಹಕ್ಕಿಯೊಂದಿದೆ. ಗಿಡ್ಡ ರೆಕ್ಕೆ, ಉದ್ದ ಕಾಲು ನೋಡಿ ಅದನ್ನು ಹಿಮಾಲಯದ ಗಿಡ್ಡರೆಕ್ಕೆ ಹಕ್ಕಿಗಳ ಜೊತೆ ಸೇರಿಸಿದ್ದರು, ಅಲ್ಲಿಂದ ಇನ್ನೊಂದು ಕುಲಕ್ಕೆ ದೂಡಿದರು. 2017ರಲ್ಲಿ ವಿ. ವಿ. ರಾಬಿನ್ ಮತ್ತು ಸಂಗಡಿಗರು ಇದೂ ಪಾಲಕ್ಕಾಡ್ ಕಣಿವೆಯ ದಕ್ಷಿಣದಲ್ಲಿರುವ ಇದರ ಸೋದರರೂ ನೊಣಹಿಡುಕಗಳ ಬಳಗದ ಒಂದು ಪ್ರತ್ಯೇಕ ಕವಲು ಎಂದು ತೋರಿಸಿ, ಅದಕ್ಕೆ ಶೋಲಿಕೋಲ ಎಂಬ ಹೊಸ ಕುಲದ ಹೆಸರಿಟ್ಟರು. ದೂರದ ದೊಡ್ಡ ಬಳಗದ ಬಾಲಂಗೋಚಿಯೆಂದು ಬರೆದಿಟ್ಟಿದ್ದ ಹಕ್ಕಿ ಈ ಬೆಟ್ಟಗಳಲ್ಲೇ ಕವಲೊಡೆದು ಬೆಳೆದ, ಬೇರೆಲ್ಲೂ ಇಲ್ಲದ ಮನೆತನವೆಂದು ತಿಳಿಯಿತು. ಕಣಿವೆಯೊಂದು ಅಡ್ಡ ಬಂದರೆ ದಾಟಲಾರದ ಹಕ್ಕಿ ಅದು. ಬೆಟ್ಟದ ತಲೆಯ ಮೇಲಿನ ಒಂದೊಂದು ತುಂಡು ಕಾಡೂ ಅದಕ್ಕೊಂದು ದ್ವೀಪ. ಅಂಥ ತುಂಡೊಂದು ಚಹಾ ತೋಟವಾದರೆ ಕಳೆದುಹೋಗುವುದು ಏನೆಂದು ಹಳೆಯ ಪಟ್ಟಿ ಹೇಳುತ್ತಿರಲಿಲ್ಲ, ಹೊಸದು ಹೇಳುತ್ತದೆ.

ಎಲ್ಲವೂ ಇತ್ಯರ್ಥವಾಗಿದೆ ಎಂದಲ್ಲ. 2014ರಲ್ಲಿ 48 ಹಕ್ಕಿಗಳ ಪೂರ್ತಿ ಜೀನೋಮ್ ಹೋಲಿಸಿದರು, 2024ರಲ್ಲಿ 363 ಜೀನೋಮ್‌ಗಳನ್ನು. ಆದರೂ ವಂಶವೃಕ್ಷದ ಬುಡದ ಹತ್ತಿರದ ಕೆಲವು ಕೊಂಬೆಗಳು ಒಂದು ಅಧ್ಯಯನದಿಂದ ಇನ್ನೊಂದಕ್ಕೆ ಜಾಗ ಬದಲಿಸುತ್ತಲೇ ಇವೆ. ಸುಮಾರು 6.6 ಕೋಟಿ ವರ್ಷಗಳ ಹಿಂದೆ ಡೈನೊಸಾರ್‌ಗಳು ಅಳಿದು ಜಗತ್ತು ಬರಿದಾದಾಗ ಉಳಿದ ಹಕ್ಕಿಗಳು ಬಲು ಬೇಗ ಬೇಗ ಕವಲೊಡೆದವು. ಅವಸರದಲ್ಲಿ ಒಡೆದ ಮನೆಗಳಲ್ಲಿ ಯಾರು ಮೊದಲು ಪಾಲು ತೆಗೆದುಕೊಂಡರೆಂದು ಹೇಳುವುದು ಕಷ್ಟ. ಗುಳುಮುಳುಕ–ರಾಜಹಂಸ ಜೋಡಿ ಉಳಿದ ಹಕ್ಕಿಗಳ ನಡುವೆ ಎಲ್ಲಿ ನಿಲ್ಲುತ್ತದೆಂಬ ಚರ್ಚೆ ಇನ್ನೂ ಇದೆ. ಅವೆರಡು ಜೋಡಿ ಎನ್ನುವುದರಲ್ಲಿ ಮಾತ್ರ ತಕರಾರಿಲ್ಲ.

ಈ ವಾರ ಕೆರೆಯಲ್ಲಿ ಗೂಡು ಕಂಡಿತು. ಆಪಿನ ಎರಡು ಕಾಂಡಗಳಿಗೆ ಸಿಕ್ಕಿಸಿ ತೇಲಬಿಟ್ಟ ಕೊಳೆತ ಜೊಂಡಿನ ಗುಪ್ಪೆ. ಹತ್ತಿರ ಹೋಗಬಾರದು, ದುರ್ಬೀನಿನಲ್ಲೇ ನೋಡಬೇಕು. ತಾಯಿ ಎದ್ದಾಗ ಮೊಟ್ಟೆಗಳು ಕಂಡವು. ಒಂದು ಹೊಚ್ಚ ಬಿಳಿ, ನಿನ್ನೆಯದೋ ಮೊನ್ನೆಯದೋ ಇರಬೇಕು. ಉಳಿದ ಮೂರು ಆಗಲೇ ಒದ್ದೆ ಜೊಂಡಿನ ಕಂದು ಹೀರಿಕೊಂಡು ಮಾಸಿದ್ದವು. ಏರಿಯ ಮೇಲೆ ಎಮ್ಮೆಗಳು ಬರುವ ಸದ್ದಾಯಿತು. ಅದು ಅವಸರಪಡದೆ ಕೊಕ್ಕಿನಿಂದ ಒದ್ದೆ ಎಲೆಗಳನ್ನು ಎಳೆದೆಳೆದು ನಾಲ್ಕನ್ನೂ ಮುಚ್ಚಿತು. ಗೂಡು ಬರೀ ಕಸದ ರಾಶಿಯಂತೆ ಕಾಣುವ ಹಾಗಾದ ಮೇಲೆ ಅಂಚಿನಿಂದ ನೀರಿಗಿಳಿದು ಸದ್ದಿಲ್ಲದೆ ಮುಳುಗಿತು.